ಡಬ್ಬಿಯ ತಳದ ಹಿಟ್ಟು: ಎರಿ ಸೀಮೆಯ ಒಂದು ಸೀಲಿಯಾಕ್ ಪ್ರಕರಣ

ಹುಡುಗಿಗೆ ಆಗ 12 ವರ್ಷ, ಏಳನೇ ಇಯತ್ತೆ. ಹಾಕಿಕೊಂಡು ಬಂದದ್ದು ಐದನೇ ಇಯತ್ತೆಯಲ್ಲಿ ಹೊಲಿಸಿದ ಶಾಲೆಯ ಸ್ಕರ್ಟು. ಬೆಳೆದ ಹಾಗೆ ಬಿಚ್ಚಿ ಉದ್ದ ಮಾಡಲಿ ಎಂದು ದರ್ಜಿ ಅಂಚಿನೊಳಗೆ ಮಡಿಸಿ ಬಿಟ್ಟಿದ್ದ ಮೂರು ಬೆರಳಗಲದ ಬಟ್ಟೆ ಮಡಿಸಿದಂತೆಯೇ ಇತ್ತು. ತಾಯಿ ಅದನ್ನು ತುಸು ಹೆಮ್ಮೆಯಿಂದಲೇ ತೋರಿಸಿದರು, ಮಗಳು ಬಟ್ಟೆ ಜೋಪಾನ ಮಾಡುವವಳು ಅನ್ನುವ ಅರ್ಥದಲ್ಲಿ. ನನ್ನ ಕೈಯಲ್ಲಿದ್ದ ಚೀಟಿಯಲ್ಲಿ ಎತ್ತರ 129 ಸೆಂ.ಮೀ., ತೂಕ 23 ಕೆ.ಜಿ., ಹಿಮೋಗ್ಲೋಬಿನ್ 7.6 ಎಂದಿತ್ತು.

ನಾನು ಹುಬ್ಬಳ್ಳಿಯಲ್ಲಿ ಆಹಾರ ತಜ್ಞೆ. ಸಕ್ಕರೆ ಕಾಯಿಲೆ, ಕಿಡ್ನಿ, ಬೊಜ್ಜು ದಿನನಿತ್ಯದ ಕೆಲಸ. ಗೋಧಿ ತಿಂದರೆ ಕರುಳು ಹಾಳಾಗುವ ಸೀಲಿಯಾಕ್ ಕಾಯಿಲೆ ವರ್ಷಕ್ಕೆ ಒಂದೋ ಎರಡೋ ಬಂದರೆ ಹೆಚ್ಚು. ಈ ಹುಡುಗಿಯನ್ನು ಮೂರೂವರೆ ವರ್ಷ ನೋಡಿದ್ದೇನೆ. ಮನೆಯವರ ಒಪ್ಪಿಗೆ ಪಡೆದು, ಹೆಸರು ಊರು ಬಿಟ್ಟು ಬರೆಯುತ್ತಿದ್ದೇನೆ. ನವಲಗುಂದದ ಕಡೆಯ ಎರಿ ಭೂಮಿ, ಹಿಂಗಾರಿಗೆ ಜೋಳ, ಕಡಲೆ, ಗೋಧಿ ಬೆಳೆಯುವ ಒಂಬತ್ತು ಜನರ ಕೂಡು ಕುಟುಂಬ ಎಂದಷ್ಟು ತಿಳಿದರೆ ಸಾಕು.

ರಕ್ತ ಕಡಿಮಿ

"ಮೊದಲಿಂದ ರಕ್ತ ಕಡಿಮಿ ಐತ್ರಿ ಇಕಿಗಿ" ಎಂದು ತಾಯಿ ಶುರು ಮಾಡಿದರು. ಮೂರು ವರ್ಷ ಕಬ್ಬಿಣದ ಟಾನಿಕ್ ಕುಡಿಸಿದ್ದಾರೆ. ಆರು ತಿಂಗಳಿಗೊಮ್ಮೆ ಜಂತುಹುಳದ ಗುಳಿಗೆ ಕೊಟ್ಟಿದ್ದಾರೆ. ಥಲಸ್ಸೀಮಿಯಾ ಪರೀಕ್ಷೆಯೂ ಆಗಿ ಇಲ್ಲವೆಂದು ಬಂದಿದೆ. ಟಾನಿಕ್ ಕುಡಿದಷ್ಟು ದಿನ ಹಿಮೋಗ್ಲೋಬಿನ್ ಅರ್ಧ ಪಾಯಿಂಟ್ ಏರುತ್ತದೆ, ಬಿಟ್ಟರೆ ಮತ್ತೆ ಇಳಿಯುತ್ತದೆ. ನಾಲಿಗೆಯ ಅಂಚಿಗೆ, ತುಟಿಯೊಳಗೆ ತಿಂಗಳಿಗೊಮ್ಮೆ ಹುಣ್ಣು, ಅದಕ್ಕೆ ಬಿ ಕಾಂಪ್ಲೆಕ್ಸ್. ಸಂಜೆಯಾದರೆ ಹೊಟ್ಟೆ ಉಬ್ಬುತ್ತದೆ, ಅದಕ್ಕೆ ಓಂಕಾಳು. ಗಿಡ್ಡ ಇರುವುದಕ್ಕೆ ಔಷಧ ಬೇಕೆಂದು ಯಾರಿಗೂ ಅನ್ನಿಸಿರಲಿಲ್ಲ. "ನಮ್ಮ ಮನಿ ಹೆಣ್ಮಕ್ಕಳೆಲ್ಲಾ ಇಷ್ಟ ಅದೀವ್ರಿ."

ಭೇದಿ ಇರಲಿಲ್ಲ. ತಡವಾದದ್ದು ಇಲ್ಲೇ. ಸೀಲಿಯಾಕ್ ಎಂದರೆ ಪಾಠಪುಸ್ತಕದ ಚಿತ್ರ ಕಣ್ಣಿಗೆ ಬರುತ್ತದೆ: ಕಡ್ಡಿಯಂಥ ಕೈಕಾಲು, ಗುಡಾಣದಂಥ ಹೊಟ್ಟೆ, ದಿನಕ್ಕೆ ಹತ್ತು ಸಲ ಭೇದಿಯಾಗುವ ಎರಡು ವರ್ಷದ ಕೂಸು. ಅಂಥ ಮಕ್ಕಳೂ ಇದ್ದಾರೆ. ಆದರೆ ಗುಣವಾಗದ ರಕ್ತಹೀನತೆಯೊಂದನ್ನೇ ಹಿಡಿದುಕೊಂಡು, ಕುಳ್ಳಗಿರುವುದೊಂದನ್ನೇ ಹಿಡಿದುಕೊಂಡು ಬರುವವರು ಬಹಳ. ಕೆಲವರಿಗೆ ಮಲಬದ್ಧತೆಯೇ ಇರುತ್ತದೆ, ಈ ಹುಡುಗಿಗೂ ಅದೇ ಇತ್ತು. ದೊಡ್ಡವರಲ್ಲಿ ಮೂಳೆ ಸವೆತ, ನಿಲ್ಲದ ಗರ್ಭ, ಮೊಣಕೈ ಮೇಲಿನ ತುರಿಕೆ ಗುಳ್ಳೆಗಳಾಗಿಯೂ ತೋರುತ್ತದೆ.

ಟಾನಿಕ್ ಏಕೆ ಹತ್ತಲಿಲ್ಲ ಎಂಬುದಕ್ಕೆ ಸರಳ ಕಾರಣವಿದೆ. ಕಬ್ಬಿಣದ ಅಂಶವನ್ನು ದೇಹ ಹೀರಿಕೊಳ್ಳುವುದು ಜಠರ ದಾಟಿದ ಕೂಡಲೇ ಬರುವ ಸಣ್ಣ ಕರುಳಿನ ಮೊದಲ ಗೇಣಿನಲ್ಲಿ. ಸೀಲಿಯಾಕ್ ಮೊದಲು ಕೈ ಹಾಕುವುದೂ ಅಲ್ಲಿಗೇ. ಗೋಧಿ, ಬಾರ್ಲಿ, ರೈ ಕಾಳುಗಳಲ್ಲಿರುವ ಗ್ಲುಟೆನ್ ಎಂಬ ಪ್ರೋಟೀನ್ ಪೂರ್ತಿ ಜೀರ್ಣವಾಗದೆ ಕರುಳಿನ ಗೋಡೆಯೊಳಗೆ ಸೇರುತ್ತದೆ. ಅದಕ್ಕೆ ತಕ್ಕ ವಂಶವಾಹಿ ಇದ್ದವರಲ್ಲಿ ರೋಗನಿರೋಧಕ ವ್ಯವಸ್ಥೆ ಅದನ್ನು ಶತ್ರು ಎಂದು ಹಿಡಿದು, ಜೊತೆಗೆ ಕರುಳಿನ ಒಳಪದರವನ್ನೂ ಬಡಿಯುತ್ತದೆ. ಮಖಮಲ್ಲಿನ ನವಿರಿನಂತೆ ಎದ್ದು ನಿಂತಿರಬೇಕಾದ, ವಿಲ್ಲೈ ಎಂಬ ಒಳಪದರದ ಸಣ್ಣ ಎಳೆಗಳು ಸವೆದು ನೆಲಸಮವಾಗುತ್ತವೆ. ಬಾಗಿಲು ಮುಚ್ಚಿದ ಅಂಗಡಿಯ ಮುಂದೆ ಮೂರು ವರ್ಷ ಸಾಮಾನು ಇಳಿಸಿದಂತೆ ಟಾನಿಕ್ ಹೊಟ್ಟೆಗೆ ಬಂದು ಹೋಗಿತ್ತು.

ಚಪಾತಿ ದಿನಕ್ಕ ಎಷ್ಟು?

ಈ ಪ್ರಶ್ನೆ ಕೇಳಿದವರು ಹುಬ್ಬಳ್ಳಿಗೆ ಹೊಸದಾಗಿ ಬಂದಿದ್ದ ಮಕ್ಕಳ ತಜ್ಞರು. ಅವರು ಎಂಡಿ ಓದಿದ್ದು ಚಂಡೀಗಢದಲ್ಲಿ. ಅಲ್ಲಿ ಔಷಧಕ್ಕೆ ಜಗ್ಗದ ರಕ್ತಹೀನತೆಯ ಮಗು ಬಂದರೆ ಸೀಲಿಯಾಕ್ ಪರೀಕ್ಷೆ ಬರೆಯುವುದು ರೂಢಿ. ನಮ್ಮಲ್ಲಿ ಆ ರೂಢಿ ಇಲ್ಲ, ಇಲ್ಲದಿರುವುದಕ್ಕೆ ಕಾರಣವೂ ಇದೆ.

ಹರಿಯಾಣದ ಬಲ್ಲಭಗಢದಲ್ಲಿ ಮಾಡಿ 2011ರಲ್ಲಿ ಪ್ರಕಟಿಸಿದ ಸಮೀಕ್ಷೆಯಲ್ಲಿ 96 ಜನಕ್ಕೆ ಒಬ್ಬರಲ್ಲಿ ಈ ಕಾಯಿಲೆ ಕಂಡಿತ್ತು. 2016ರಲ್ಲಿ ಇನ್ನೂ ದೊಡ್ಡ ಅಧ್ಯಯನ ಬಂತು. ಉತ್ತರ, ಈಶಾನ್ಯ, ದಕ್ಷಿಣ ಭಾರತಗಳ 23,331 ವಯಸ್ಕರ ರಕ್ತ ಪರೀಕ್ಷಿಸಿದಾಗ ಸೀಲಿಯಾಕ್ ಪ್ರತಿಕಾಯ ಸಿಕ್ಕಿದ್ದು ಉತ್ತರದಲ್ಲಿ 1.23%, ಈಶಾನ್ಯದಲ್ಲಿ 0.87%, ದಕ್ಷಿಣದಲ್ಲಿ 0.10% ಮಂದಿಗೆ. ಕಾಯಿಲೆಗೆ ಬೇಕಾದ ಡಿಕ್ಯೂ2, ಡಿಕ್ಯೂ8 ವಂಶವಾಹಿಗಳು ಮಾತ್ರ ಮೂರೂ ಕಡೆ ಹೆಚ್ಚುಕಡಿಮೆ ಮೂರರಲ್ಲಿ ಒಬ್ಬರಿಗೆ ಇದ್ದವು. ಅಂದರೆ ಬೀಜ ಎಲ್ಲ ಕಡೆ ಬಿದ್ದಿದೆ, ಮೊಳೆತದ್ದು ಒಂದು ಕಡೆ. ದಿನಕ್ಕೆ ತಿನ್ನುವ ಗೋಧಿ ಉತ್ತರದಲ್ಲಿ ಸರಾಸರಿ 455 ಗ್ರಾಂ, ದಕ್ಷಿಣದಲ್ಲಿ 25 ಗ್ರಾಂ ಎಂದು ಅದೇ ಅಧ್ಯಯನ ಹೇಳಿತು. ಲೆಕ್ಕ ಸರಿಹೋಯಿತು ಅನ್ನಿಸುತ್ತದೆ, ಈಶಾನ್ಯದ ಸಾಲು ಓದುವವರೆಗೆ. ಅಲ್ಲಿಯವರು ತಿನ್ನುವುದು 37 ಗ್ರಾಂ ಮಾತ್ರ, ಕಾಯಿಲೆ ದಕ್ಷಿಣದ ಹಲವು ಪಟ್ಟು. ಗೋಧಿಯ ತೂಕವೊಂದೇ ಇದನ್ನೆಲ್ಲ ತೀರ್ಮಾನಿಸುವುದಿಲ್ಲ.

ದಕ್ಷಿಣದ ಆ ಅಂಕಿ ಬಂದದ್ದು ವೆಲ್ಲೂರಿನ ಸುತ್ತಿನಿಂದ. ಅಲ್ಲಿಯ ಅನ್ನದ ತಟ್ಟೆಯ ಲೆಕ್ಕ ಧಾರವಾಡದ ಎರಿ ಸೀಮೆಗೆ ಹಾಗೇ ಹೊಂದುತ್ತದೆ ಎಂದು ನಾನು ಒಪ್ಪುವುದಿಲ್ಲ. ಈ ಹುಡುಗಿಯ ಮನೆಯಲ್ಲಿ ರಾತ್ರಿ ಚಪಾತಿ, ಸೋಮವಾರ ಗೋಧಿ ಹುಗ್ಗಿ, ಜಾತ್ರೆಗೆ ಮಾದಲಿ, ಬೆಳಿಗ್ಗೆ ವಾರಕ್ಕೆ ಮೂರು ದಿನ ಉಪ್ಪಿಟ್ಟು. ಅವಳೊಬ್ಬಳ ಪಾಲನ್ನು ತೂಗಿ ಬರೆಸಿದೆ: ದಿನಕ್ಕೆ 150 ಗ್ರಾಂ ದಾಟಿತು. ದಕ್ಷಿಣದಲ್ಲಿ ಸೀಲಿಯಾಕ್ ಅಪರೂಪ ಎಂಬ ಮಾತು ನಿಜ. ಆದರೆ ಅಪರೂಪ ಎಂದು ಹುಡುಕದೆ ಬಿಟ್ಟರೆ ಅದು ಅಪರೂಪವಾಗಿಯೇ ಉಳಿಯುತ್ತದೆ.

ಮೊಬೈಲಿನ ಸಲಹೆ

ಪರೀಕ್ಷೆಗೆ ರಕ್ತ ಕೊಡುವ ಹೊತ್ತಿಗೆ ಒಂದು ಎಡವಟ್ಟು ಆಗಿಹೋಗಿತ್ತು. ಅದಕ್ಕೆ ಆರು ವಾರ ಮೊದಲೇ ಹುಡುಗಿಯ ಕಾಕಾ ಮೊಬೈಲಿನಲ್ಲಿ ಯಾವುದೋ ವಿಡಿಯೋ ನೋಡಿ, "ಎಲ್ಲಾ ಬ್ಯಾನಿಗೂ ಗೋಧಿನ ಕಾರಣ ಅಂತ, ಬಿಡಿಸಿ ನೋಡೂಣು" ಎಂದಿದ್ದರು. ಬಿಡಿಸಿದರು. ಬಾಯಿ ಹುಣ್ಣು ಕಡಿಮೆಯಾಯಿತು. ಎಲ್ಲರಿಗೂ ಖುಷಿ. ವಿಡಿಯೋದವನು ಹೇಳಿದ್ದು ನೂರು ಜನರಲ್ಲಿ ತೊಂಬತ್ತೊಂಬತ್ತು ಜನಕ್ಕೆ ಸುಳ್ಳು, ನಮ್ಮ ಹುಡುಗಿಗೆ ಮಾತ್ರ ನಿಜವಾಗಿತ್ತು, ಅದೂ ತಪ್ಪು ಹೊತ್ತಿನಲ್ಲಿ.

ಟಿಟಿಜಿ ಐಜಿಎ ಎಂಬ ರಕ್ತ ಪರೀಕ್ಷೆ ನೋಡುವುದು ಗ್ಲುಟೆನ್ ತಿಂದಾಗ ದೇಹ ತಯಾರಿಸುವ ಪ್ರತಿಕಾಯವನ್ನು. ತಿನ್ನುವುದು ನಿಂತರೆ ಪ್ರತಿಕಾಯ ಇಳಿಯುತ್ತ ಹೋಗುತ್ತದೆ, ಕರುಳೂ ನಿಧಾನಕ್ಕೆ ಮಾಯುತ್ತದೆ. ಕಳ್ಳ ಊರು ಬಿಟ್ಟ ಮೇಲೆ ಹೆಜ್ಜೆ ಗುರುತು ಹುಡುಕಿದ ಹಾಗೆ. ವರದಿಯಲ್ಲಿ ಸಾಮಾನ್ಯ ಮಿತಿಯ ಒಂದೂವರೆ ಪಟ್ಟು ಎಂದು ಬಂತು. ಇದೆ ಎನ್ನಲೂ ಆಗದು, ಇಲ್ಲ ಎನ್ನಲೂ ಆಗದು. ಐಜಿಎ ಎಂಬುದು ಪ್ರತಿಕಾಯದ ಒಂದು ಬಗೆ, ಅದರ ಒಟ್ಟು ಪ್ರಮಾಣ ಸರಿಯಿತ್ತು. ಅದನ್ನೂ ಜೊತೆಗೇ ನೋಡಬೇಕು, ಏಕೆಂದರೆ ಸೀಲಿಯಾಕ್ ಇರುವವರಲ್ಲಿ ನೂರಕ್ಕೆ ಎರಡು ಮೂರು ಮಂದಿಗೆ ಐಜಿಎ ಉತ್ಪತ್ತಿಯೇ ಇರುವುದಿಲ್ಲ. ಅಂಥವರಲ್ಲಿ ಈ ಪರೀಕ್ಷೆ ಸುಳ್ಳು ಸಮಾಧಾನ ಹೇಳುತ್ತದೆ.

ಡಾಕ್ಟರು ಮತ್ತೆ ಗೋಧಿ ಶುರು ಮಾಡಿ ಎಂದರು. ಎಂಟು ವಾರ, ದಿನಕ್ಕೆ ಎರಡು ಚಪಾತಿ. ಅದನ್ನು ಮನೆಯವರಿಗೆ ತಿಳಿಸಿ ಹೇಳುವ ಕೆಲಸ ನನ್ನ ಪಾಲಿಗೆ ಬಂತು. ಹುಡುಗಿ ನನ್ನ ಮುಖ ನೋಡಿ ಕೇಳಿದಳು: "ತಿಂದ್ರ ಬ್ಯಾನಿ ಬರತೈತಿ ಅಂತ ನೀವ ಹೇಳತೀರಿ, ತಿನ್ನು ಅಂತನೂ ನೀವ ಹೇಳತೀರಿ." ಅವಳಿಗೆ ಕೊಟ್ಟ ಉತ್ತರ ನನಗೇ ಪೂರ್ತಿ ಹಿಡಿಸಲಿಲ್ಲ. ಒಮ್ಮೆ ಖಚಿತವಾಗದಿದ್ದರೆ ಮುಂದೆ ಯಾರೋ ಒಬ್ಬರು "ಏನೂ ಆಗಾಂಗಿಲ್ಲ, ತಿನ್ನು" ಅಂದ ದಿನ ನಿನ್ನ ಕೈಯಲ್ಲಿ ಕಾಗದ ಇರುವುದಿಲ್ಲ ಎಂದೆ. ಮೂರನೇ ವಾರಕ್ಕೆ ಬಾಯಿ ಹುಣ್ಣು ತಿರುಗಿ ಬಂದವು.

ಎಂಟು ವಾರದ ನಂತರ ಟಿಟಿಜಿ ಮಿತಿಯ ಏಳು ಪಟ್ಟು. ಮಕ್ಕಳಲ್ಲಿ ಇದು ಹತ್ತು ಪಟ್ಟು ದಾಟಿ, ಮತ್ತೊಂದು ಸಲ ತೆಗೆದ ರಕ್ತದಲ್ಲಿ ಇಎಂಎ ಎಂಬ ಪ್ರತಿಕಾಯವೂ ಸಿಕ್ಕರೆ ಕರುಳಿನ ಚೂರು ತೆಗೆದು ನೋಡುವ ಬಯಾಪ್ಸಿ ಇಲ್ಲದೆಯೇ ರೋಗ ಖಚಿತಪಡಿಸಬಹುದು ಎಂದು ಯೂರೋಪಿನ ಮಕ್ಕಳ ತಜ್ಞರ 2020ರ ಮಾರ್ಗಸೂಚಿ ಹೇಳುತ್ತದೆ. ಏಳು ಪಟ್ಟಿಗೆ ಆ ರಿಯಾಯಿತಿ ಇಲ್ಲ. ಎಂಡೋಸ್ಕೋಪಿ ಆಯಿತು. ಅಕ್ಕಿಕಾಳಿಗಿಂತ ಸಣ್ಣ ಆರು ಚೂರು ತೆಗೆದರು, ಎರಡು ಕರುಳಿನ ಬಾಯಿಯಿಂದ, ನಾಲ್ಕು ಅದರಿಂದ ಕೆಳಗೆ. ಕರುಳಿನ ಹಾನಿ ಅಳೆಯುವ ಮಾರ್ಷ್ ಶ್ರೇಣಿಯಲ್ಲಿ 3ಬಿ ಎಂದು ವರದಿ ಬಂತು: ವಿಲ್ಲೈಗಳು ಬಹುಪಾಲು ಸವೆದಿದ್ದವು.

ಜವಾರಿ ಗೋಧಿಯ ವಾದ

ಔಷಧವಿಲ್ಲ, ಜೀವನಪೂರ್ತಿ ಗ್ಲುಟೆನ್ ಬಿಡುವುದೊಂದೇ ದಾರಿ ಎಂದಾಗ ತಾಯಿ ಅತ್ತರು. ಅಜ್ಜಿ ಅಳಲಿಲ್ಲ, ವಾದಕ್ಕೆ ಕೂತರು.

"ನಾವು ಬೆಳೆದ ಗೋಧಿರಿ ಬಾಯಾರ, ಪ್ಯಾಟ್ಯಾಗಿನ ಹಿಟ್ಟಲ್ಲ. ಜವೆ ಗೋಧಿ, ಅಪ್ಪಟ ಜವಾರಿ. ಅದು ಹೆಂಗ ಬ್ಯಾನಿ ತರತೈತಿ?"

ಜವೆ ಗೋಧಿ ಎಂಬ ಹೆಸರೇ ಒಂದು ತೊಡಕು. ನಿಘಂಟು ತೆರೆದರೆ ಜವೆ ಎಂದರೆ ಬಾರ್ಲಿ. ನಮ್ಮ ಕಡೆ ರೈತರು ಹಾಗೆ ಕರೆಯುವುದು ಖಪ್ಲಿ ಗೋಧಿಯನ್ನು, ಹೊಟ್ಟು ಬಿಡದೆ ಕಾಳಿಗೆ ಅಂಟಿಕೊಂಡಿರುವ ಆ ಹಳೆಯ ತಳಿಯನ್ನು. ಸಕ್ಕರೆ ಕಾಯಿಲೆಯವರಿಗೆ ಒಳ್ಳೆಯದೆಂದು ಈಗ ಪೇಟೆಯಲ್ಲಿ ಅದಕ್ಕೆ ಎಲ್ಲಿಲ್ಲದ ಬೆಲೆ. ಯಾವ ಅರ್ಥ ಹಿಡಿದರೂ ನಮ್ಮ ಹುಡುಗಿಗೆ ಕೆಲಸಕ್ಕೆ ಬಾರದು, ಬಾರ್ಲಿಯಲ್ಲೂ ಗ್ಲುಟೆನ್ ಇದೆ, ಖಪ್ಲಿಯಲ್ಲೂ ಇದೆ. ಹೈಬ್ರಿಡ್ ತಳಿ ಬಂದ ಮೇಲೆ ಈ ಕಾಯಿಲೆ ಹುಟ್ಟಿತು ಎನ್ನುವವರಿಗೆ ನಾನು ಇಟಲಿಯ ಕೋಸಾದ ಗೋರಿಯ ಕಥೆ ಹೇಳುತ್ತೇನೆ. ಸುಮಾರು ಎರಡು ಸಾವಿರ ವರ್ಷದ ಹಿಂದಿನ, ಇಪ್ಪತ್ತರೊಳಗಿನ ಹೆಣ್ಣುಮಗಳ ಅಸ್ಥಿಪಂಜರ ಅಲ್ಲಿ ಸಿಕ್ಕಿತು. ಮೈಮೇಲೆ ಒಡವೆ, ಅಂದರೆ ಉಳ್ಳವರ ಮನೆಯವಳು. ಎತ್ತರ ಮಾತ್ರ 140 ಸೆಂ.ಮೀ. ಆಸುಪಾಸು, ಎಲುಬಿನಲ್ಲಿ ಪೋಷಣೆ ಸಾಲದ ಗುರುತು. ಡಿಎನ್ಎ ತೆಗೆದು ನೋಡಿದರೆ ಸೀಲಿಯಾಕ್‌ಗೆ ಸಂಬಂಧಿಸಿದ ಡಿಕ್ಯೂ2 ವಂಶವಾಹಿ. ಆ ಕಾಲದ ಗೋಧಿಯೆಲ್ಲ ಜವಾರಿಯೇ.

ಅಜ್ಜಿಗೆ ಇಟಲಿ ನಾಟಲಿಲ್ಲ. ನೆದರ್ಲೆಂಡ್ಸಿನ ಕಥೆ ತುಸು ನಾಟಿತು. ಹೇಗ್ ಊರಿನ ಮಕ್ಕಳ ಡಾಕ್ಟರ್ ವಿಲ್ಲೆಮ್ ಡಿಕ್ಕೆ 1930ರ ದಶಕದಿಂದಲೇ ಗೋಧಿಯ ಮೇಲೆ ಅನುಮಾನ ಇಟ್ಟುಕೊಂಡಿದ್ದರು. 1944-45ರ ಚಳಿಗಾಲದಲ್ಲಿ ಯುದ್ಧದಿಂದ ಅಲ್ಲಿ ಬ್ರೆಡ್ಡೇ ಸಿಗದಾಯಿತು. ಊರಿಗೆ ಊರೇ ಹಸಿದು ಸಾಯುವಾಗ ಅವರ ಸೀಲಿಯಾಕ್ ಮಕ್ಕಳು ಚೇತರಿಸಿಕೊಂಡವು, ಬ್ರೆಡ್ಡು ತಿರುಗಿ ಬಂದಾಗ ಮತ್ತೆ ಹಾಸಿಗೆ ಹಿಡಿದವು. ಡಿಕ್ಕೆ 1950ರಲ್ಲಿ ಇದನ್ನು ಪ್ರಬಂಧವಾಗಿ ಬರೆದರು. "ಬರಗಾಲದಾಗ ಉಳಿದು ಸುಗ್ಗ್ಯಾಗ ಸತ್ತಂಗಾತು" ಎಂದು ಅಜ್ಜಿ ಒಂದು ಮಾತು ಆಡಿ ಸುಮ್ಮನಾದರು.

ಅಡುಗೆಮನೆ ಪಾಠ ಶುರುವಾಯಿತು. ಒಂದು ಲೆಕ್ಕದಲ್ಲಿ ಇವರು ಪುಣ್ಯವಂತರು. ಹರಿಯಾಣದ ತಾಯಿ ರೊಟ್ಟಿಯ ಬದಲಿಗೆ ಏನು ಎಂದು ದಿಕ್ಕು ತೋಚದೆ ಕೂರುತ್ತಾಳೆ. ಇಲ್ಲಿ ಜೋಳದ ರೊಟ್ಟಿ, ಸಜ್ಜೆ ರೊಟ್ಟಿ, ನವಣಕ್ಕಿ, ರಾಗಿ, ಅನ್ನ ಎಲ್ಲ ಮನೆಯಲ್ಲೇ ಇವೆ. ಪಟ್ಟಣದ ಅಂಗಡಿಯ ಗ್ಲುಟೆನ್ ಮುಕ್ತ ಬಿಸ್ಕತ್ತಿಗೆ ದುಡ್ಡು ಸುರಿಯಬೇಡಿ ಎಂದು ಬರೆದೇ ಕೊಟ್ಟೆ. ಬಚ್ಚಿಟ್ಟುಕೊಂಡ ಗೋಧಿಯ ಪಟ್ಟಿ ಬೇರೆ: ಉಪ್ಪಿಟ್ಟಿನ ರವೆ, ಶಾವಿಗೆ, ಶೇಂಗಾ ಹೋಳಿಗೆಯ ಕಣಕ, ಹಾಲಿಗೆ ಬೆರೆಸುವ ಮಾಲ್ಟ್ ಪುಡಿ, ಕೊನೆಗೆ ಇಂಗು. ಅಪ್ಪಟ ಇಂಗು ಬಹಳ ಘಾಟು, ಅದನ್ನು ಹಿಟ್ಟು, ಗೋಂದು ಸೇರಿಸಿಯೇ ಮಾರುವುದು. ಆ ಹಿಟ್ಟು ಅನೇಕ ಡಬ್ಬಿಗಳಲ್ಲಿ ಮೈದಾ ಅಥವಾ ಗೋಧಿ, ಕೆಲವದರಲ್ಲಿ ಅಕ್ಕಿ. ಸಾರಿನ ಒಗ್ಗರಣೆಗೆ ಇಂಗು ಹಾಕದೆ ಐವತ್ತು ವರ್ಷ ಅಡುಗೆ ಮಾಡಿಲ್ಲದ ಅಜ್ಜಿ ಡಬ್ಬಿಯನ್ನು ಮೊಮ್ಮಗನ ಕೈಯಲ್ಲಿ ಓದಿಸಿ, ಅದರ ಮೇಲೆ ಬರೆದ ಗೋಧಿ ಹಿಟ್ಟು ಎಂಬ ಮಾತು ಎರಡು ಸಲ ಕೇಳಿಸಿಕೊಂಡರು. ರವೆಗಿಂತ, ಚಪಾತಿಗಿಂತ ಅವರಿಗೆ ಇದೇ ದೊಡ್ಡ ಮೋಸ ಅನ್ನಿಸಿದ್ದು.

ಜಗ್ಗುವ ಹಿಟ್ಟು

ಆರು ತಿಂಗಳಿಗೆ ಹಿಮೋಗ್ಲೋಬಿನ್ 10.9, ತೂಕ ಮೂರೂವರೆ ಕೆ.ಜಿ. ಹೆಚ್ಚು, ಎತ್ತರ ನಾಲ್ಕು ಸೆಂ.ಮೀ. ಟಿಟಿಜಿ ಏಳು ಪಟ್ಟಿನಿಂದ ಮೂರೂವರೆಗೆ ಇಳಿಯಿತು. ವರ್ಷ ತುಂಬಿದಾಗ ಮತ್ತೆ ನೋಡಿದರೆ ಮೂರು. ಇಳಿತ ನಿಂತುಬಿಟ್ಟಿತ್ತು.

ಮೊದಲು ಬರುವ ಅನುಮಾನ ಕದ್ದು ತಿನ್ನುವುದರ ಮೇಲೆ. ಕೇಳಿದೆ. ಗೋಬಿ ಮಂಚೂರಿ ಎರಡು ಸಲ ಎಂದು ಹುಡುಗಿ ತಲೆ ತಗ್ಗಿಸಿದಳು. ಎರಡು ಸಲಕ್ಕೆ ಇಷ್ಟಾಗದು. ತಾಯಿ ದೇವರ ಮೇಲೆ ಆಣೆ ಇಟ್ಟು ಬೇರೆ ಏನೂ ಕೊಟ್ಟಿಲ್ಲ ಎಂದರು. ನಾನು ಊರಿಗೇ ಹೋದೆ.

ಅಡುಗೆಮನೆ ತಕ್ಕಮಟ್ಟಿಗೆ ಸರಿಯಿತ್ತು. ಬೇರೆ ಮಣಿ, ಬೇರೆ ಲಟ್ಟಣಿಗೆ. ಹಂಚು ಒಂದೇ, ಆದರೆ ಅವಳ ರೊಟ್ಟಿ ಮೊದಲು ಬೇಯುತ್ತಿತ್ತು. ಮಧ್ಯಾಹ್ನ ಹುಡುಗಿಯ ಅಣ್ಣ ಜೋಳದ ಡಬ್ಬಿ ಸೈಕಲ್ಲಿಗೆ ಕಟ್ಟಿಕೊಂಡು ಗಿರಣಿಗೆ ಹೊರಟ. ನಾನೂ ನಡೆದೆ.

ಗಿರಣಿ ಅಂದರೆ ಹತ್ತಡಿ ಅಗಲದ ತಗಡಿನ ಶೆಡ್ಡು, ಕಿವಿಗಡಚಿಕ್ಕುವ ಬೆಲ್ಟಿನ ಸದ್ದು. ಗಿರಣಿಯವರ ರೆಪ್ಪೆಯ ಕೂದಲಿನ ತನಕ ಬೆಳ್ಳಗೆ ಹಿಟ್ಟು. ನಮಗಿಂತ ಮುಂದಿನವರದು ಹತ್ತು ಕಿಲೋ ಗೋಧಿ. ಅದು ಮುಗಿದ ಮೇಲೆ ಅವರು ಹಿಟ್ಟು ಇಳಿಯುವ ಬಟ್ಟೆಯ ಸೊಂಡಿಲನ್ನು ಕೋಲಿನಿಂದ ಎರಡು ಸಲ ಬಡಿದರು, ನಮ್ಮ ಜೋಳ ಸುರಿದರು. ಕೆಳಗಿಟ್ಟ ಡಬ್ಬಿಗೆ ಮೊದಲು ಬಿದ್ದ ಬೊಗಸೆಯಷ್ಟು ಹಿಟ್ಟು ನಸುಗಂದು. ಆಮೇಲೆ ನಿಧಾನಕ್ಕೆ ಜೋಳದ ಬಿಳುಪು ತುಂಬಿಕೊಂಡಿತು.

ಇದೇ ಹಿಟ್ಟು ವರ್ಷದಿಂದ ಅವಳ ಹೊಟ್ಟೆಗೆ ಹೋಗುತ್ತಿತ್ತು. ಲೆಕ್ಕ ಹಾಕಿ ನೋಡಿ. ನಲವತ್ತು ಗ್ರಾಂ ಗೋಧಿ ಹಿಟ್ಟಿನ ಒಂದು ಚಪಾತಿಯಲ್ಲಿ ಸುಮಾರು ಮೂರೂವರೆಯಿಂದ ನಾಲ್ಕು ಗ್ರಾಂ ಗ್ಲುಟೆನ್. ಇಟಲಿಯಲ್ಲಿ ನಡೆದು 2007ರಲ್ಲಿ ಪ್ರಕಟವಾದ ಪ್ರಯೋಗವೊಂದರಲ್ಲಿ ದಿನಕ್ಕೆ 50 ಮಿಲಿಗ್ರಾಂನಂತೆ 90 ದಿನ ಗ್ಲುಟೆನ್ ಸೇವಿಸಿದ ಸೀಲಿಯಾಕ್ ರೋಗಿಗಳ ಕರುಳು ಹಾಳಾದದ್ದು ಕಂಡಿದೆ. ಒಂದು ಚಪಾತಿಯನ್ನು ಎಪ್ಪತ್ತು ಎಂಬತ್ತು ಚೂರು ಮಾಡಿದರೆ ಅದರಲ್ಲಿ ಒಂದು ಚೂರು. ಹುಡುಗಿ ದಿನಕ್ಕೆ 200 ಗ್ರಾಂ ಜೋಳದ ಹಿಟ್ಟು ತಿನ್ನುತ್ತಾಳೆ, ಅದರಲ್ಲಿ ನೂರಕ್ಕೆ ಒಂದು ಪಾಲು ಗೋಧಿ ಬೆರೆತರೂ ಎರಡು ಗ್ರಾಂ ಗೋಧಿ ಹಿಟ್ಟು, ಅಂದರೆ 200 ಮಿಲಿಗ್ರಾಂ ಹತ್ತಿರದ ಗ್ಲುಟೆನ್. ನಮ್ಮ ದೇಶದ ಆಹಾರ ಸುರಕ್ಷತೆಯ ನಿಯಮದಲ್ಲಿ ಗ್ಲುಟೆನ್ ಮುಕ್ತ ಎಂದು ಬರೆಯಲು ಒಂದು ಕಿಲೋದಲ್ಲಿ 20 ಮಿಲಿಗ್ರಾಂ ದಾಟಬಾರದು. ಜೋಳದಲ್ಲಿ ಗ್ಲುಟೆನ್ ಇಲ್ಲ ಎಂದು ನಾನೇ ನೂರು ಸಲ ಹೇಳಿದ್ದೆ. ಜೋಳ ಎಲ್ಲಿ ಬೀಸಿಸುತ್ತೀರಿ ಎಂದು ಒಂದು ಸಲವೂ ಕೇಳಿರಲಿಲ್ಲ. ಈ ತಪ್ಪು ನನ್ನದು.

ಮನೆಗೆ ಬಂದು ಆ ಡಬ್ಬಿಯನ್ನು ಮೊರಕ್ಕೆ ಬೋರಲು ಹಾಕಿ, ಮೇಲೆ ಬಂದ ತಳದ ಹಿಟ್ಟನ್ನು ಒಂದು ಹಿಡಿ ಅಜ್ಜಿಯ ಪರಾತಕ್ಕೆ ಹಾಕಿದೆ. ಕಲಸಿ ನೋಡಿ ಎಂದೆ. ಜೋಳದ ಹಿಟ್ಟಿಗೆ ಜಿಗಿ ಇಲ್ಲ, ಕುದಿ ನೀರು ಹಾಕಿ ನಾದಿದರೂ ಎಳೆದರೆ ಪಟಕ್ಕನೆ ಹರಿಯುತ್ತದೆ. ರೊಟ್ಟಿ ಬಡಿಯುವುದು ಒಂದು ವಿದ್ಯೆ ಆಗಿರುವುದೇ ಅದಕ್ಕೆ. ಅಜ್ಜಿ ನಾದಿದರು, ಎರಡು ಬೆರಳಲ್ಲಿ ಹಿಡಿದು ಎಳೆದರು. ಹರಿಯಲಿಲ್ಲ, ತುಸು ಉದ್ದಕ್ಕೆ ಬಂತು.

"ಜಗ್ಗತೈತಿ" ಅಂದರು.

ಸ್ವಲ್ಪ ಹೊತ್ತು ಬಿಟ್ಟು, ನನಗಲ್ಲ, ಸೊಸೆಗೆ ಹೇಳಿದರು: "ಡಬ್ಬಿ ತಳದ ಹಿಟ್ಟು ಯಾವಾಗಲೂ ಛಲೋ ಜಗ್ಗತೈತಿ. ರೊಟ್ಟಿ ಅಂಚು ಒಡಿಯಾಂಗಿಲ್ಲ. ನನ್ನ ಕೈ ಗುಣ ಅಂತ ತಿಳಕೊಂಡಿದ್ನೆಲ್ಲ."

ಪ್ರಯೋಗಾಲಯಕ್ಕೆ ಕಳಿಸದೆ ಗ್ಲುಟೆನ್ ಕಂಡುಹಿಡಿದ ಬೆರಳುಗಳವು. ಹಾಗೆಂದು ಇದನ್ನು ಪರೀಕ್ಷೆ ಎಂದು ಯಾರೂ ತಿಳಿಯಬಾರದು, ಕೈಗೆ ಸಿಗದಷ್ಟು ಸಣ್ಣ ಪ್ರಮಾಣವೇ ಸೀಲಿಯಾಕ್‌ಗೆ ಸಾಕು.

ಯಾರ ಮುಂದೂ ಹೇಳಬ್ಯಾಡ್ರಿ

ಗಿರಣಿಯವರಿಗೆ ಹೇಳೋಣ ಎಂದೆ. ತಾಯಿ ಬೇಡ ಅಂದರು. "ನಾಳೆ ಲಗ್ನ ಆಗೂ ಹುಡುಗಿರಿ ಮೇಡಂ. ಗಿರಣ್ಯಾಗ ಹೇಳಿದ್ರ ಊರಿಗೆಲ್ಲಾ ಡಂಗುರ ಹೊಡದಂಗ." ಹೊಲ, ಮನೆ, ನೆಂಟಸ್ತನ ಎಲ್ಲ ಇರುವ ಕುಟುಂಬ. ಹುಡುಗಿಗೆ ಜೀವನಪೂರ್ತಿ ಪಥ್ಯವಂತೆ ಎಂಬ ಮಾತು ಹಬ್ಬಿದರೆ ಬರುವ ಬೀಗರು ಏನು ಕೇಳುತ್ತಾರೆ ಎಂಬುದು ಅವರಿಗೆ ನನಗಿಂತ ಚೆನ್ನಾಗಿ ಗೊತ್ತು. ವರ್ಷವಿಡೀ ಅವರು ಮದುವೆ ಮನೆಗಳಲ್ಲಿ "ಹೊಟ್ಟಿ ಸರಿ ಇಲ್ಲ" ಎಂದು ಸುಳ್ಳು ಹೇಳಿ ಮಗಳಿಗೆ ಬರೀ ಅನ್ನ ಮೊಸರು ಬಡಿಸಿಕೊಂಡು ಬಂದಿದ್ದರು. ಸತ್ಯನಾರಾಯಣ ಪೂಜೆಯ ಸಪಾದ ಭಕ್ಷ್ಯ ರವೆಯದು. ಪ್ರಸಾದ ಬೇಡ ಅನ್ನುವುದು ಹೇಗೆ? ಕೈಯಲ್ಲಿ ತೆಗೆದುಕೊಂಡು ಕಣ್ಣಿಗೊತ್ತಿ ಸೆರಗಿನೊಳಗೆ ಕಟ್ಟಿಕೊಂಡು ಬಂದು ಹಸುವಿಗೆ ಹಾಕುತ್ತಿದ್ದರು. ಪಂಚಮಿಯಲ್ಲಿ ಶೇಂಗಾ ಉಂಡಿ, ಎಳ್ಳುಂಡಿ ಅವಳು ತಿನ್ನಬಹುದು. ಆದರೆ ಅಕ್ಕಪಕ್ಕದ ಮನೆಗಳಲ್ಲಿ ಅದೇ ಪರಾತದಲ್ಲಿ ರವೆ ಉಂಡಿ ಕಟ್ಟಿರುತ್ತಾರೆ. ಹಾಗಾಗಿ ಜೋಕಾಲಿ ಜೀಕುವಾಗ ಗೆಳತಿಯರು ಕೈಗಿಟ್ಟದ್ದನ್ನು ಅವಳು ಲಂಗದ ಜೇಬಿಗೆ ಹಾಕಿಕೊಳ್ಳುತ್ತಿದ್ದಳು.

ಪಥ್ಯದ ಭಾರ ಎಂದರೆ ತಿನ್ನಲಾಗದ್ದರ ಪಟ್ಟಿ ಎಂದು ನಾವು ಬರೆದುಬಿಡುತ್ತೇವೆ. ಈ ಮನೆಯಲ್ಲಿ ನಾನು ಕಂಡ ಭಾರದ ಬಹುಪಾಲು ಮುಚ್ಚಿಡುವುದರದು. ಮುಚ್ಚಿಟ್ಟಿದ್ದರಿಂದಲೇ ಗಿರಣಿಯಲ್ಲಿ ಸರದಿ ಬದಲಿಸಿ ಎಂದು ಕೇಳುವ ದಾರಿಯೂ ಮುಚ್ಚಿತ್ತು.

ಕೊನೆಗೆ ಹೇಳಿದವಳು ಹುಡುಗಿ. ಗಿರಣಿಯವರ ಮಗಳು ಅವಳ ಕ್ಲಾಸಿನವಳೇ. ವಾರದೊಳಗೆ ಗಿರಣಿಯವರು ತಾವಾಗಿ ಮನೆಗೆ ಬಂದು, "ಮೊದಲ ಹೇಳಬಾರದೇನ್ರಿ ಅಕ್ಕಾರ? ಮಂಗಳವಾರ ಮುಂಜಾನೆ ಕಲ್ಲು ತಗದು ಬಳದು, ಎರಡು ಕಿಲೋ ಕಡಿ ಅಕ್ಕಿ ಬೀಸಿ ದನಕ್ಕ ಹಾಕಿ, ನಿಮ್ದ ಮೊದಲ ಹಾಕತೀನಿ" ಎಂದರು. ಹಾಗೇ ನಡೆಯಿತು. ನಾಲ್ಕು ತಿಂಗಳಿಗೆ ಟಿಟಿಜಿ ಮೂರರಿಂದ ಒಂದೂವರೆಗೆ ಇಳಿಯಿತು. ನನಗೆ ಮಾತ್ರ ಸಮಾಧಾನವಿರಲಿಲ್ಲ. ಗೋಧಿ ಬೀಸುವ ಕಲ್ಲಿನ ಸಂದು ಎಷ್ಟು ಬಳಿದರೂ ಅಷ್ಟೇ. ಕಡಲೆ ಮಾರಿದ ದುಡ್ಡಲ್ಲಿ ಅವರು 18,000 ರೂಪಾಯಿಗೆ ಸಣ್ಣ ಮನೆ ಗಿರಣಿ ತಂದರು. ಅದಕ್ಕೆ ಗೋಧಿ ಹಾಕುವಂತಿಲ್ಲ ಎಂದು ಅಜ್ಜಿಯ ಕಟ್ಟಪ್ಪಣೆ. ಎರಡು ವರ್ಷ ತುಂಬುವ ಹೊತ್ತಿಗೆ ಟಿಟಿಜಿ ಮಿತಿಯೊಳಗೆ ಬಂತು. ಆ ವರ್ಷವೇ ಹುಡುಗಿ ಮೈನೆರೆದಳು. ಮೊನ್ನೆ ಅಳೆದಾಗ 150 ಸೆಂ.ಮೀ., 41 ಕೆ.ಜಿ., ಹಿಮೋಗ್ಲೋಬಿನ್ 12.4.

ಒಡಹುಟ್ಟಿದವರು, ತಂದೆ ತಾಯಿಯೂ ಪರೀಕ್ಷೆ ಮಾಡಿಸಿಕೊಳ್ಳಬೇಕು. ಹತ್ತಿರದ ರಕ್ತಸಂಬಂಧಿಗಳಲ್ಲಿ ನೂರಕ್ಕೆ ಏಳೆಂಟು ಮಂದಿಗೆ ಈ ಕಾಯಿಲೆ ಇರುತ್ತದೆ. ಅಣ್ಣನದು, ತಾಯಿಯದು ನೆಗೆಟಿವ್ ಬಂದಿದೆ. ತಂದೆ ಮೂರು ವರ್ಷದಿಂದ "ಸುಗ್ಗಿ ಮುಗೀಲಿ" ಎನ್ನುತ್ತಿದ್ದಾರೆ.

ಈ ವರ್ಷ ಎಸ್‌ಎಸ್‌ಎಲ್‌ಸಿ ಮುಗಿಸಿ ಹುಡುಗಿ ಧಾರವಾಡದಲ್ಲಿ ಪಿಯುಗೆ ಸೇರಿದ್ದಾಳೆ, ಹಾಸ್ಟೆಲಿನಲ್ಲಿ ಇರಬೇಕು. ವಾರ್ಡನ್ನರಿಗೆ ಕೊಡಲು ಪತ್ರ ಬೇಕೆಂದು ತಾಯಿ ಮಗಳು ಬಂದರು. ತಾಯಿ ಮೆಲ್ಲಗೆ, "ಅಲರ್ಜಿ ಅಂತ ಬರೀರಿ ಮೇಡಂ, ಕಾಯಿಲೆ ಅನಬ್ಯಾಡ್ರಿ" ಎಂದರು. ಅಲರ್ಜಿ ಎಂದು ಬರೆದರೆ ತಿಂದ ಕೂಡಲೇ ಮೈ ಕೆಂಪಾಗಬೇಕು, ಉಸಿರು ಕಟ್ಟಬೇಕು ಎಂದು ಅಡುಗೆಯವರು ಕಾಯುತ್ತಾರೆ. ಏನೂ ಆಗದಿದ್ದರೆ ಎರಡನೇ ವಾರಕ್ಕೆ ಅದೇ ಸೌಟು ಸಾರಿಗೂ ಬರುತ್ತದೆ. ಕನ್ನಡದಲ್ಲಿ ಇದಕ್ಕೆ ನೆಲೆನಿಂತ ಹೆಸರಿಲ್ಲ. ಉದರ ರೋಗ ಎಂದರೆ ಗ್ಯಾಸು, ಅಜೀರ್ಣಕ್ಕೆ ಹೋಗಿ ಸೇರುತ್ತದೆ. ನಾನು ಸೀಲಿಯಾಕ್ ಕಾಯಿಲೆ ಎಂದೇ ಬರೆದೆ. ಕೆಳಗೆ ರವೆ, ಮೈದಾ, ಶಾವಿಗೆ, ಇಂಗು, ಕರಿದ ಎಣ್ಣೆ ಎಂದು ಸೇರಿಸಿದೆ.

ಹುಡುಗಿ ಓದಿ ನೋಡಿ, ಪೆನ್ನು ಇಸಿದುಕೊಂಡು ಕೊನೆಗೆ ತನ್ನ ಕೈಯಲ್ಲೇ ಒಂದು ಸಾಲು ಬರೆದಳು: ಹಾಸ್ಟೆಲಿನ ಜೋಳ ಯಾವ ಗಿರಣಿಯಲ್ಲಿ ಬೀಸಿಸುತ್ತೀರಿ, ದಯವಿಟ್ಟು ತಿಳಿಸಬೇಕು.